ದಾವೆ ಹೂಡಬಲ್ಲವರು, ಹೂಡಲಾರದವರು: ಬ್ರಿಟನ್ನಿನ ‘ದ ಸನ್’ ಪತ್ರಿಕೆಯ ಅರವತ್ತು ವರ್ಷ

2025ರ ಜನವರಿ 22ರಂದು ‘ದ ಸನ್’ ಪತ್ರಿಕೆಯ ಪ್ರಕಾಶಕರಾದ ನ್ಯೂಸ್ ಗ್ರೂಪ್ ನ್ಯೂಸ್‌ಪೇಪರ್ಸ್ ಸಂಸ್ಥೆ ರಾಜಕುಮಾರ ಹ್ಯಾರಿಯ ಕ್ಷಮೆ ಕೇಳಿತು. ಲಂಡನ್ ಹೈಕೋರ್ಟಿನಲ್ಲಿ ಹಿಂದಿನ ದಿನವೇ ಶುರುವಾಗಬೇಕಿದ್ದ ವಿಚಾರಣೆ ರಾಜಿಯಲ್ಲಿ ಮುಗಿಯಿತು. ಕ್ಷಮಾಪಣೆಯ ಪದಗಳನ್ನು ಬಿಡಿಬಿಡಿಯಾಗಿ ಓದಬೇಕು. 1996ರಿಂದ 2011ರವರೆಗೆ ಸನ್ ಅವರ ಖಾಸಗಿ ಬದುಕಿನೊಳಗೆ ಗಂಭೀರವಾಗಿ ನುಗ್ಗಿತ್ತು, ಪತ್ರಿಕೆಗಾಗಿ ಕೆಲಸ ಮಾಡಿದ ಖಾಸಗಿ ಪತ್ತೇದಾರರು ಕಾನೂನುಬಾಹಿರ ಕೃತ್ಯ ಎಸಗಿದ್ದರು ಎಂದು ಅದು ಒಪ್ಪುತ್ತದೆ. ಮುಚ್ಚಿಹೋದ ಸೋದರ ಪತ್ರಿಕೆ ‘ನ್ಯೂಸ್ ಆಫ್ ದ ವರ್ಲ್ಡ್’ ಬಗ್ಗೆ ಹೇಳುವಾಗ ಅದೇ ಹೇಳಿಕೆ ಫೋನ್ ಹ್ಯಾಕಿಂಗ್ ಎಂಬ ಪದವನ್ನು ನೇರವಾಗಿ ಬಳಸುತ್ತದೆ. ಸನ್ ವಿಷಯ ಬಂದಾಗ ಆ ಪದ ಕಾಣುವುದಿಲ್ಲ. ತಪ್ಪು ಪತ್ತೇದಾರರದ್ದು, ಸನ್‌ನ ಪತ್ರಕರ್ತರದ್ದಲ್ಲ ಎಂದು ಸಂಸ್ಥೆ ಪ್ರತ್ಯೇಕವಾಗಿಯೂ ಹೇಳಿತು.

ಹೀಗೆ ಎಲ್ಲಿ ಎಷ್ಟು ಒಪ್ಪಬೇಕು, ಎಲ್ಲಿ ನಿಲ್ಲಬೇಕು ಎಂಬುದನ್ನು ಸನ್ ಹಲವು ದಶಕಗಳಲ್ಲಿ ಕಲಿತಿದೆ. ಅದರ ವಿವಾದಗಳನ್ನು ಸಾಮಾನ್ಯವಾಗಿ ಒಬ್ಬ ಒರಟು ಸಂಪಾದಕನ ಅಥವಾ ಒಬ್ಬ ಮಾಲೀಕನ ಸ್ವಭಾವದಿಂದ ವಿವರಿಸುತ್ತಾರೆ. ಆ ವಿವರಣೆ ಸಾಲದು. ಒಂದೊಂದೇ ಪ್ರಕರಣವನ್ನು ಪಕ್ಕಪಕ್ಕ ಇಟ್ಟರೆ ಬೇರೊಂದು ವಿನ್ಯಾಸ ಕಾಣುತ್ತದೆ: ಯಾರಿಗೆ ನ್ಯಾಯಾಲಯದ ಬಾಗಿಲು ತೆರೆದಿತ್ತೋ ಅವರ ಎದುರು ಪತ್ರಿಕೆ ತಲೆಬಾಗಿದೆ, ಯಾರಿಗೆ ಆ ಬಾಗಿಲು ಮುಚ್ಚಿತ್ತೋ ಅವರು ಕ್ಷಮೆಗಾಗಿ ವರ್ಷಗಟ್ಟಲೆ ಕಾಯಬೇಕಾಯಿತು.

ಕಾರ್ಮಿಕರ ಪತ್ರಿಕೆಯಿಂದ ಮರ್ಡಾಕ್ ಕೈಗೆ

ಸನ್‌ನ ಬೇರು ಇರುವುದು ಕಾರ್ಮಿಕ ಚಳವಳಿಯಲ್ಲಿ. 1912ರಲ್ಲಿ ದಿನಪತ್ರಿಕೆಯಾಗಿ ನೆಲೆಯೂರಿದ ‘ಡೈಲಿ ಹೆರಾಲ್ಡ್’ ಮುಂದೆ ಕಾರ್ಮಿಕ ಸಂಘಗಳ ಒಕ್ಕೂಟದ ಪಾಲುದಾರಿಕೆಯಲ್ಲಿ ನಡೆಯಿತು. 1930ರ ದಶಕದಲ್ಲಿ 20 ಲಕ್ಷ ಪ್ರತಿಗಳನ್ನೂ ದಾಟಿತು. ಆದರೆ ಓದುಗರಿಗೆ ವಯಸ್ಸಾಯಿತು, ಜಾಹೀರಾತುದಾರರು ದೂರವಾದರು. ‘ಡೈಲಿ ಮಿರರ್’ ಒಡೆತನದ ಐಪಿಸಿ ಸಂಸ್ಥೆ ಅದನ್ನು ವಹಿಸಿಕೊಂಡು, 1964ರ ಸೆಪ್ಟೆಂಬರ್ 15ರಂದು ‘ದ ಸನ್’ ಎಂಬ ಹೊಸ ಹೆಸರಿಟ್ಟು ಹೊರತಂದಿತು. ಅದು ಆಗ ದೊಡ್ಡ ಹಾಳೆಯ ಬ್ರಾಡ್‌ಶೀಟ್. ನಷ್ಟ ನಿಲ್ಲಲಿಲ್ಲ.

1969ರಲ್ಲಿ ಸುಮಾರು 8 ಲಕ್ಷ ಪೌಂಡ್‌ಗೆ ರೂಪರ್ಟ್ ಮರ್ಡಾಕ್ ಇದನ್ನು ಕೊಂಡರು. ಆ ವರ್ಷದ ಆರಂಭದಲ್ಲಷ್ಟೇ ಅವರು ‘ನ್ಯೂಸ್ ಆಫ್ ದ ವರ್ಲ್ಡ್’ ಪತ್ರಿಕೆಯನ್ನು ವಶಕ್ಕೆ ಪಡೆದಿದ್ದರು. ಅದು ಭಾನುವಾರದ ಪತ್ರಿಕೆ. ಅದರ ಮುದ್ರಣ ಯಂತ್ರಗಳು ವಾರದ ಉಳಿದ ದಿನಗಳಲ್ಲಿ ಸುಮ್ಮನೆ ನಿಂತಿರುತ್ತಿದ್ದವು. ಖರ್ಚು ಹೇಗೂ ಬೀಳುತ್ತಿದ್ದ ಯಂತ್ರಗಳಿಗೆ ವಾರವಿಡೀ ಕೆಲಸ ಕೊಡುವ ದಿನಪತ್ರಿಕೆ ಬೇಕಿತ್ತು. 1969ರ ನವೆಂಬರ್ 17ರಂದು ಲ್ಯಾರಿ ಲ್ಯಾಂಬ್ ಸಂಪಾದಕತ್ವದಲ್ಲಿ ಹೊಸ ಸನ್ ಟ್ಯಾಬ್ಲಾಯ್ಡ್ ಆಕಾರದಲ್ಲಿ ಬಂತು. ಮಿರರ್ ಆ ಹೊತ್ತಿಗೆ ಗಂಭೀರವಾಗುವ ಪ್ರಯತ್ನದಲ್ಲಿತ್ತು. ಅದು ಬಿಟ್ಟುಕೊಟ್ಟ ಜಾಗದಲ್ಲಿ ಸನ್ ಕೂತಿತು. ಟಿವಿ, ಕ್ರೀಡೆ, ಲೈಂಗಿಕತೆ, ಸ್ಪರ್ಧೆ, ಓದುಗರ ಕೈಗೆ ಬರುವ ಬಹುಮಾನ. ಒಂಬತ್ತೇ ವರ್ಷದಲ್ಲಿ, 1978ರಲ್ಲಿ, ಸನ್ ಮಿರರ್ ಅನ್ನು ಹಿಂದಿಕ್ಕಿ ದೇಶದ ಅತಿ ಹೆಚ್ಚು ಮಾರಾಟದ ದಿನಪತ್ರಿಕೆಯಾಯಿತು. ಮುಂದಿನ ದಶಕದಲ್ಲಿ ಅದು 40 ಲಕ್ಷ ಪ್ರತಿಗಳ ಆಸುಪಾಸಿನಲ್ಲಿತ್ತು.

ಮೂರನೇ ಪುಟದ ಅರೆನಗ್ನ ಚಿತ್ರ ಶುರುವಾದದ್ದು ಮೊದಲ ವಾರ್ಷಿಕೋತ್ಸವದ ದಿನ, 1970ರ ನವೆಂಬರ್ 17ರಂದು. ಅಂದಿನ ಕಾನೂನು ಅವಕಾಶ ಕೊಟ್ಟಿದ್ದರಿಂದ 16 ವರ್ಷದ ಹುಡುಗಿಯರನ್ನೂ ಆ ಪುಟದಲ್ಲಿ ನಿಲ್ಲಿಸಿದರು. 2003ರ ಲೈಂಗಿಕ ಅಪರಾಧಗಳ ಕಾಯ್ದೆ ವಯಸ್ಸಿನ ಮಿತಿಯನ್ನು 18ಕ್ಕೆ ಏರಿಸಿದ ಮೇಲಷ್ಟೇ ಅದಕ್ಕೆ ತಡೆ ಬಿತ್ತು. 1986ರಲ್ಲಿ ಇಂಥ ಚಿತ್ರಗಳ ವಿರುದ್ಧ ಮಸೂದೆ ತಂದ ಸಂಸದೆ ಕ್ಲೇರ್ ಶಾರ್ಟ್ ಅವರನ್ನು ಪತ್ರಿಕೆ ವರ್ಷಗಟ್ಟಲೆ ಗುರಿಯಾಗಿಸಿತು. 2012ರಲ್ಲಿ ಹುಟ್ಟಿದ ‘ನೋ ಮೋರ್ ಪೇಜ್ ತ್ರೀ’ ಅಭಿಯಾನದ ಒತ್ತಡದ ನಡುವೆ, 2015ರ ಜನವರಿಯಲ್ಲಿ ಆ ಚಿತ್ರಗಳು ಮುದ್ರಿತ ಪತ್ರಿಕೆಯಿಂದ ಹೊರಬಿದ್ದವು. ನಲವತ್ತನಾಲ್ಕು ವರ್ಷ ಹಿಡಿಯಿತು.

ಮುಖಪುಟ ಹೇಗೆ ತಯಾರಾಗುತ್ತದೆ

ಬ್ರಿಟನ್ನಿನಲ್ಲಿ ಕೆಂಪು ಹೆಸರುಪಟ್ಟಿಯ ಟ್ಯಾಬ್ಲಾಯ್ಡ್‌ಗಳನ್ನು ಬಹುಪಾಲು ಓದುಗರು ವರ್ಷದ ಚಂದಾ ಕಟ್ಟಿ ತರಿಸಿಕೊಳ್ಳುತ್ತಿರಲಿಲ್ಲ, ಅಂಗಡಿಯಲ್ಲಿ ಎತ್ತಿಕೊಳ್ಳುತ್ತಿದ್ದರು. ಅಂದರೆ ಪತ್ರಿಕೆ ದಿನವೂ ಹೊಸದಾಗಿ ಮಾರಾಟವಾಗಬೇಕು. ನಾಲ್ಕೈದು ಪತ್ರಿಕೆಗಳ ಸಾಲಿನಲ್ಲಿ ಒಂದನ್ನು ಎತ್ತಿಕೊಳ್ಳುವ ನಿರ್ಧಾರ ಕ್ಷಣಮಾತ್ರದ್ದು. ಆ ಕ್ಷಣದಲ್ಲಿ ಕಣ್ಣಿಗೆ ಬೀಳುವುದು ಒಂದು ಚಿತ್ರ, ಒಂದೆರಡು ದೊಡ್ಡ ಪದ. ಇದರಿಂದ ಸುದ್ದಿಮನೆಯಲ್ಲಿ ಅಧಿಕಾರ ಎಲ್ಲಿರುತ್ತದೆ ಎಂಬುದೂ ತೀರ್ಮಾನವಾಗುತ್ತದೆ. ವರದಿಗಾರ ಸುದ್ದಿ ಬರೆದುಕೊಡುತ್ತಾನೆ. ಸುದ್ದಿ ಡೆಸ್ಕ್ ಅದನ್ನು ಮೇಲಕ್ಕೆ ಕಳಿಸುತ್ತದೆ. ರಾತ್ರಿ ಪಾಳಿಯ ಸಂಪಾದಕ ಜಾಗ ನಿಗದಿ ಮಾಡುತ್ತಾನೆ. ಉಪಸಂಪಾದಕ ಕತ್ತರಿಸಿ ತಲೆಬರಹ ಕೊಡುತ್ತಾನೆ. ಮುಖಪುಟದ ತಲೆಬರಹವಾದರೆ ಸಂಪಾದಕನೇ ಕೈಹಾಕುತ್ತಾನೆ. ಈ ದಾರಿಯಲ್ಲಿ ಮೊದಲು ಉದುರುವುದು ‘ಎಂದು ಪೊಲೀಸರು ಹೇಳಿದ್ದಾರೆ’, ‘ಎನ್ನಲಾಗಿದೆ’ ಎಂಬ ಎಚ್ಚರಿಕೆಯ ಪದಗಳು. ಪುಟದ ಅಗಲಕ್ಕೆ ಎಂಟು ಹತ್ತು ಅಕ್ಷರ ಹಿಡಿಸುವ ಗಾತ್ರದಲ್ಲಿ ಅವುಗಳಿಗೆ ಜಾಗ ಇರುವುದಿಲ್ಲ. ಒಂಟಿ ಉದ್ಧರಣ ಚಿಹ್ನೆ ಹಾಕಿದರೆ ಅದು ಬೇರೆಯವರ ಆರೋಪ ಎಂದಾಗುತ್ತದೆ. ಬಿಟ್ಟರೆ ಪತ್ರಿಕೆಯೇ ಹೇಳುವ ಸತ್ಯವಾಗುತ್ತದೆ.

ಕೊನೆಯಲ್ಲಿ ಪುಟಗಳು ರಾತ್ರಿ ಪಾಳಿಯ ವಕೀಲನ ಮುಂದೆ ಹೋಗುತ್ತವೆ. ಆತ ಕೇಳುವ ಮುಖ್ಯ ಪ್ರಶ್ನೆ: ಇದರಿಂದ ಯಾರು ದಾವೆ ಹೂಡಬಹುದು, ಹೂಡಿದರೆ ನಾವು ಸಮರ್ಥಿಸಿಕೊಳ್ಳಬಲ್ಲೆವೇ? ಸುದ್ದಿ ನಿಜವೇ ಎಂಬ ಪ್ರಶ್ನೆಗೂ ಇದಕ್ಕೂ ಅಂತರವಿದೆ. ಆ ಅಂತರದಲ್ಲೇ ಸನ್‌ನ ಇತಿಹಾಸದ ಅತಿ ಕೆಟ್ಟ ಪುಟಗಳು ಅಚ್ಚಾದವು.

ಕೆಲ್ವಿನ್ ಮೆಕೆಂಜಿ 1981ರಿಂದ 1994ರವರೆಗೆ ಸಂಪಾದಕರಾಗಿದ್ದ ಕಾಲದಲ್ಲಿ ಈ ಯಂತ್ರ ಪೂರ್ತಿ ವೇಗದಲ್ಲಿ ಓಡಿತು. 1982ರ ಮೇ 2ರಂದು ಫಾಕ್‌ಲ್ಯಾಂಡ್ಸ್ ಯುದ್ಧದಲ್ಲಿ ಬ್ರಿಟಿಷ್ ಜಲಾಂತರ್ಗಾಮಿ ಅರ್ಜೆಂಟೀನಾದ ‘ಜನರಲ್ ಬೆಲ್ಗ್ರಾನೊ’ ನೌಕೆಯನ್ನು ಹೊಡೆಯಿತು. ಮೇ 4ರ ಪತ್ರಿಕೆಯ ಮೊದಲ ಆವೃತ್ತಿ ಹೊರಬಂದದ್ದು ‘ಗಾಚಾ’ ಎಂಬ ಒಂದೇ ಪದದ ತಲೆಬರಹದೊಂದಿಗೆ: ಸಿಕ್ಕಿಬಿದ್ದಿರಿ ಎಂಬ ಕೇಕೆ. ಸಾವಿನ ಪ್ರಮಾಣ ತಿಳಿಯುತ್ತಾ ಬಂದಂತೆ ನಂತರದ ಆವೃತ್ತಿಗಳಲ್ಲಿ ಅದನ್ನು ಬದಲಿಸಿದರು. ಆ ನೌಕೆಯಲ್ಲಿ ಸತ್ತವರು 323 ಮಂದಿ. ಮಾಹಿತಿ ಪೂರ್ತಿ ಬರುವ ಮೊದಲೇ ಭಾವನೆ ಅಚ್ಚಾಗಿ ಹೋಗಿತ್ತು. ಅದೇ ಯುದ್ಧದಲ್ಲಿ ಮಡಿದು ಮರಣೋತ್ತರ ವಿಕ್ಟೋರಿಯಾ ಕ್ರಾಸ್ ಪಡೆದ ಸೈನಿಕನ ಪತ್ನಿಯ ‘ವಿಶೇಷ ಸಂದರ್ಶನ’ವನ್ನೂ ಸನ್ ಪ್ರಕಟಿಸಿತು. ಆಕೆ ಸನ್ ಜೊತೆ ಮಾತೇ ಆಡಿರಲಿಲ್ಲ. ಪ್ರೆಸ್ ಕೌನ್ಸಿಲ್ ಛೀಮಾರಿ ಹಾಕಿತು; ದಂಡ ವಿಧಿಸುವ ಅಧಿಕಾರ ಅದಕ್ಕಿರಲಿಲ್ಲ.

1986ರ ಜನವರಿಯಲ್ಲಿ ಮರ್ಡಾಕ್ ತಮ್ಮ ನಾಲ್ಕೂ ರಾಷ್ಟ್ರೀಯ ಪತ್ರಿಕೆಗಳನ್ನು ಫ್ಲೀಟ್ ಸ್ಟ್ರೀಟ್ ಪ್ರದೇಶದಿಂದ ಪೂರ್ವ ಲಂಡನ್ನಿನ ವಾಪಿಂಗ್‌ಗೆ ರಾತ್ರೋರಾತ್ರಿ ಸಾಗಿಸಿದರು. ಅಲ್ಲಿ ಪತ್ರಕರ್ತರೇ ಕಂಪ್ಯೂಟರಿನಲ್ಲಿ ಸುದ್ದಿ ಕೂರಿಸುತ್ತಿದ್ದರು. ಮೊಳೆ ಜೋಡಿಸುವ ಕೆಲಸವೇ ಇಲ್ಲವಾಯಿತು. ಮುಷ್ಕರ ಹೂಡಿದ ಸುಮಾರು 5,500 ಮುದ್ರಣ ಕಾರ್ಮಿಕರು ಕೆಲಸ ಕಳೆದುಕೊಂಡರು. ಒಂದು ವರ್ಷಕ್ಕೂ ಮಿಕ್ಕಿ ನಡೆದ ಹೋರಾಟ 1987ರ ಫೆಬ್ರುವರಿಯಲ್ಲಿ ಸೋಲಿನಲ್ಲಿ ಮುಗಿಯಿತು. ಕಾರ್ಮಿಕರ ಪತ್ರಿಕೆಯಾಗಿ ಹುಟ್ಟಿದ ಪತ್ರಿಕೆಯ ಗೇಟಿನೆದುರೇ ಇದು ನಡೆದದ್ದು ನೋವಿನ ಸಂಗತಿ.

ಒಬ್ಬ ಗಾಯಕ, ಒಂದು ನಗರ

1987ರ ಫೆಬ್ರುವರಿಯಲ್ಲಿ ಸನ್ ಗಾಯಕ ಎಲ್ಟನ್ ಜಾನ್ ಮೇಲೆ ಲೈಂಗಿಕ ಹಗರಣದ ಸರಣಿ ಸುದ್ದಿ ಹಚ್ಚಿತು. ಮೂಲ ಒಬ್ಬನೇ, ಅವನಿಗೂ ಪತ್ರಿಕೆ ಹಣ ಕೊಟ್ಟಿತ್ತು. ಎಲ್ಟನ್ ಒಂದರ ಮೇಲೊಂದು ಮಾನನಷ್ಟ ದಾವೆ ಹೂಡಿದರು. ಹೇಳಿದ್ದೆಲ್ಲ ಕಟ್ಟುಕಥೆ ಎಂದು ಆ ಮೂಲವೇ ‘ಮಿರರ್’ ಪತ್ರಿಕೆಯ ಮುಂದೆ ಒಪ್ಪಿಕೊಂಡ. 1988ರ ಡಿಸೆಂಬರ್ 12ರಂದು ಸನ್ ಮುಖಪುಟದಲ್ಲಿ ‘ಸಾರಿ ಎಲ್ಟನ್’ ಎಂದು ಅಚ್ಚು ಹಾಕಿತು. 10 ಲಕ್ಷ ಪೌಂಡ್ ಪರಿಹಾರ ಕೊಟ್ಟಿತು. ಬ್ರಿಟನ್ನಿನಲ್ಲಿ ಅಂದಿಗೆ ಅದು ಬಹಳ ದೊಡ್ಡ ಮೊತ್ತ.

ಅದಾದ ನಾಲ್ಕೇ ತಿಂಗಳಿಗೆ, 1989ರ ಏಪ್ರಿಲ್ 15ರಂದು, ಶೆಫೀಲ್ಡಿನ ಹಿಲ್ಸ್‌ಬರೋ ಮೈದಾನದಲ್ಲಿ ಲಿವರ್‌ಪೂಲ್ ಮತ್ತು ನಾಟಿಂಗ್‌ಹ್ಯಾಮ್ ಫಾರೆಸ್ಟ್ ನಡುವಿನ ಎಫ್ಎ ಕಪ್ ಫುಟ್‌ಬಾಲ್ ಸೆಮಿಫೈನಲ್ ವೇಳೆ ಲಿವರ್‌ಪೂಲ್ ಅಭಿಮಾನಿಗಳು ಕಂಬಿಬೇಲಿಯ ಆವರಣಗಳೊಳಗೆ ನಜ್ಜುಗುಜ್ಜಾದರು. ಹೊರಗೆ ಜನದಟ್ಟಣೆ ಹೆಚ್ಚಿದಾಗ ಪೊಲೀಸ್ ಮುಖ್ಯಸ್ಥರೇ ಸಿ ಗೇಟ್ ತೆರೆಸಿದ್ದರು. ಆದರೆ ಆಗಲೇ ತುಂಬಿದ್ದ ನಡುವಿನ ಆವರಣಗಳಿಗೆ ಹೋಗುವ ಸುರಂಗದಾರಿಯನ್ನು ಮುಚ್ಚಿಸಲಿಲ್ಲ. ಅಭಿಮಾನಿಗಳೇ ಗೇಟ್ ಮುರಿದು ನುಗ್ಗಿದರು ಎಂಬ ಸುಳ್ಳು ಅಂದೇ ಹೊರಟಿತು. ಕೊನೆಗೆ ಸಾವಿನ ಲೆಕ್ಕ 97ಕ್ಕೆ ಮುಟ್ಟಿತು. ತೊಂಬತ್ತೇಳನೆಯವರು ಗಾಯದ ಪರಿಣಾಮವಾಗಿ ತೀರಿಕೊಂಡದ್ದು 2021ರಲ್ಲಿ.

ನಾಲ್ಕನೆಯ ದಿನ, ಏಪ್ರಿಲ್ 19ರ ಬುಧವಾರ, ಸನ್ ಮುಖಪುಟದಲ್ಲಿ ‘ಸತ್ಯ’ ಎಂಬ ತಲೆಬರಹ ಹಾಕಿತು. ಕೆಳಗೆ ಮೂರು ಸಾಲು: ಕೆಲವು ಅಭಿಮಾನಿಗಳು ಸತ್ತವರ ಜೇಬು ಕತ್ತರಿಸಿದರು, ಕೆಲವರು ಧೀರ ಪೊಲೀಸರ ಮೇಲೆ ಮೂತ್ರ ಮಾಡಿದರು, ಕೆಲವರು ಬಾಯಿಗೆ ಬಾಯಿಟ್ಟು ಉಸಿರು ಕೊಡುತ್ತಿದ್ದ ಪೊಲೀಸನನ್ನು ಥಳಿಸಿದರು. ಇದರ ಮೂಲ ಶೆಫೀಲ್ಡಿನ ವೈಟ್ಸ್ ಎಂಬ ಸುದ್ದಿಸಂಸ್ಥೆ. ಅದಕ್ಕೆ ಹೇಳಿದವರು ದಕ್ಷಿಣ ಯಾರ್ಕ್‌ಷೈರ್ ಪೊಲೀಸರು ಮತ್ತು ಸ್ಥಳೀಯ ಕನ್ಸರ್ವೇಟಿವ್ ಸಂಸದ ಇರ್ವಿನ್ ಪ್ಯಾಟ್ನಿಕ್. ಸಂಸದರಿಗೂ ಹೇಳಿದವರು ಪೊಲೀಸರೇ. ಎರಡು ಮೂಲಗಳಂತೆ ಕಂಡದ್ದು ಒಂದೇ ಬಾವಿಯ ನೀರು. ಬೇರೆ ಪತ್ರಿಕೆಗಳೂ ಇದೇ ಆರೋಪಗಳನ್ನು ಪ್ರಕಟಿಸಿದವು, ಆದರೆ ಆರೋಪ ಎಂದು. ಸನ್‌ಗಾಗಿ ಸುದ್ದಿ ಬರೆದ ವರದಿಗಾರ ತಾನು ಎಚ್ಚರಿಕೆಯ ಧಾಟಿಯಲ್ಲೇ ಬರೆದಿದ್ದೆ, ತಲೆಬರಹ ಕಂಡು ಗಾಬರಿಯಾಗಿ ಸಂಪಾದಕರಿಗೆ ಹೇಳಿದ್ದೆ ಎಂದು ನಂತರ ವಿವರಿಸಿದ್ದಾರೆ. ತಲೆಬರಹ ಬದಲಾಗಲಿಲ್ಲ.

ಎಲ್ಟನ್ ಜಾನ್ ಎದುರು ಅಷ್ಟು ದೊಡ್ಡ ಪಾಠ ಕಲಿತ ಸುದ್ದಿಮನೆ ನಾಲ್ಕು ತಿಂಗಳಲ್ಲಿ ಇದನ್ನು ಹೇಗೆ ಅಚ್ಚಿಗೆ ಕಳಿಸಿತು? ಇಂಗ್ಲೆಂಡಿನ ಮಾನನಷ್ಟ ಕಾನೂನನ್ನು ನೋಡಿದರೆ ಉತ್ತರ ಸಿಗುತ್ತದೆ. ಸತ್ತವರಿಗೆ ಮಾನನಷ್ಟ ಇಲ್ಲ. ಅವರ ಪರವಾಗಿ ಮನೆಯವರೂ ದಾವೆ ಹೂಡಲಾಗದು. ‘ಕೆಲವು ಅಭಿಮಾನಿಗಳು’ ಎಂದರೆ ಸಾವಿರಾರು ಜನರ ಗುಂಪು. ಮಾತು ತನ್ನನ್ನೇ ಕುರಿತದ್ದು ಎಂದು ಒಬ್ಬೊಬ್ಬರೂ ತೋರಿಸಲಾರದಿದ್ದರೆ ದಾವೆ ನಿಲ್ಲುವುದಿಲ್ಲ. ಸಾಲದ್ದಕ್ಕೆ, ಬಡವರಿಗೆ ಸರ್ಕಾರ ಕೊಡುವ ಕಾನೂನು ನೆರವು ಮಾನನಷ್ಟ ಪ್ರಕರಣಗಳಿಗೆ ಸಿಗುತ್ತಿರಲಿಲ್ಲ. ಎಲ್ಟನ್ ಸುದ್ದಿಯಲ್ಲಿ ಲಕ್ಷಾಂತರ ಪೌಂಡ್‌ನ ಅಪಾಯವಿತ್ತು. ಹಿಲ್ಸ್‌ಬರೋ ಸುದ್ದಿಯಲ್ಲಿ ಕಾನೂನಿನ ಲೆಕ್ಕದಂತೆ ಅಪಾಯವೇ ಇರಲಿಲ್ಲ. ಒಂದು ನಗರದ ಮಾನ ಅಲ್ಲಿ ಲೆಕ್ಕಕ್ಕೆ ಬರಲಿಲ್ಲ.

ಅದೇ ವರ್ಷದ ಆಗಸ್ಟಿನಲ್ಲಿ ನ್ಯಾಯಮೂರ್ತಿ ಟೇಲರ್ ಮಧ್ಯಂತರ ವರದಿ ಪೊಲೀಸ್ ನಿಯಂತ್ರಣದ ವೈಫಲ್ಯವೇ ಮುಖ್ಯ ಕಾರಣ ಎಂದು ಹೇಳಿ, ಅಭಿಮಾನಿಗಳ ಮೇಲಿನ ಈ ಆರೋಪಗಳನ್ನು ತಳ್ಳಿಹಾಕಿತು. ಆದರೂ ಪತ್ರಿಕೆಯ ಪೂರ್ಣಪುಟದ ಕ್ಷಮೆ ಬಂದದ್ದು 2004ರ ಜುಲೈ 7ರಂದು. ಅದೂ ಲಿವರ್‌ಪೂಲಿನ ಹುಡುಗ, ಫುಟ್‌ಬಾಲ್ ಆಟಗಾರ ವೇಯ್ನ್ ರೂನಿ ತನ್ನ ಕಥೆಯನ್ನು ಸನ್‌ಗೆ ಕೊಟ್ಟು ಊರಿನವರ ಸಿಟ್ಟಿಗೆ ಗುರಿಯಾದಾಗ, ಆತನನ್ನು ಕಾಪಾಡುವ ನೆಪದಲ್ಲಿ. ತನ್ನ ಇತಿಹಾಸದ ಅತಿ ಘೋರ ತಪ್ಪು ಎಂದು ಒಪ್ಪಿಕೊಂಡ ಅದೇ ಬರಹ, ಪ್ರತಿಸ್ಪರ್ಧಿ ಮಿರರ್ ಗುಂಪಿನ ಸ್ಥಳೀಯ ಪತ್ರಿಕೆಗಳು ಸಿಟ್ಟನ್ನು ಕೆರಳಿಸುತ್ತಿವೆ ಎಂದೂ ದೂರಿತು. ಸತ್ತವರ ಕುಟುಂಬಗಳಿಗೆ ಅದು ಕ್ಷಮೆಯಾಗಿ ಕೇಳಿಸಲಿಲ್ಲ. ಮೆಕೆಂಜಿ 1993ರಲ್ಲಿ ಸಂಸದೀಯ ಸಮಿತಿಯ ಮುಂದೆ ವಿಷಾದಿಸಿದರು, 2006ರಲ್ಲಿ ಆ ವಿಷಾದದಿಂದ ಹಿಂದೆ ಸರಿದರು. 2012ರ ಸೆಪ್ಟೆಂಬರ್ 12ರಂದು ಹಿಲ್ಸ್‌ಬರೋ ಸ್ವತಂತ್ರ ಸಮಿತಿಯ ವರದಿ ಬಂತು: 164 ಪೊಲೀಸ್ ಹೇಳಿಕೆಗಳನ್ನು ಗಣನೀಯವಾಗಿ ತಿದ್ದಲಾಗಿತ್ತು, ಅವುಗಳಲ್ಲಿ 116ರಿಂದ ಪೊಲೀಸರಿಗೆ ಪ್ರತಿಕೂಲವಾದ ಮಾತುಗಳನ್ನು ತೆಗೆದುಹಾಕಲಾಗಿತ್ತು ಅಥವಾ ಬದಲಿಸಲಾಗಿತ್ತು. ಮರುದಿನ ಸನ್ ‘ನಿಜವಾದ ಸತ್ಯ’ ಎಂಬ ತಲೆಬರಹ ಹಾಕಿ ಮುಖಪುಟದಲ್ಲೇ ಕ್ಷಮೆ ಕೇಳಿತು, ಮೆಕೆಂಜಿಯೂ ಕೇಳಿದರು. ತಪ್ಪಿಗೂ ಅದೇ ಗಾತ್ರದ ಕ್ಷಮೆಗೂ ನಡುವೆ 23 ವರ್ಷ. 2016ರ ಏಪ್ರಿಲ್ 26ರಂದು ತೀರ್ಪುಗಾರರ ಮಂಡಳಿ ಆ ಸಾವುಗಳನ್ನು ಕಾನೂನುಬಾಹಿರ ಹತ್ಯೆ ಎಂದು ಘೋಷಿಸಿ, ಅಭಿಮಾನಿಗಳ ವರ್ತನೆ ಕಾರಣವಲ್ಲ ಎಂದಿತು. ಮರುದಿನದ ಸನ್ ಮುಖಪುಟದಲ್ಲಿ ಆ ಸುದ್ದಿ ಇರಲಿಲ್ಲ.

ನ್ಯಾಯಾಲಯದ ದಾರಿ ಇಲ್ಲದ ಜನ ಬೇರೆ ದಾರಿ ಹಿಡಿದಿದ್ದರು. ಲಿವರ್‌ಪೂಲ್ ಸುತ್ತಲಿನ ಮರ್ಸಿಸೈಡ್ ಪ್ರದೇಶದಲ್ಲಿ ಜನ ಸನ್ ಕೊಳ್ಳುವುದನ್ನು ನಿಲ್ಲಿಸಿದರು, ಎಷ್ಟೋ ಅಂಗಡಿಗಳು ಮಾರುವುದನ್ನೇ ನಿಲ್ಲಿಸಿದವು. ಮಾರಾಟ ಕುಸಿದದ್ದು ಮತ್ತೆ ಮೇಲೇಳಲಿಲ್ಲ. 1989ರಲ್ಲಿ ಹುಟ್ಟೇ ಇರದಿದ್ದವರೂ ಇಂದು ಅದನ್ನು ಪಾಲಿಸುತ್ತಾರೆ. 2017ರ ಫೆಬ್ರುವರಿಯಲ್ಲಿ ಲಿವರ್‌ಪೂಲ್ ಕ್ಲಬ್ ಸನ್ ವರದಿಗಾರರಿಗೆ ತನ್ನ ಮೈದಾನದ ಬಾಗಿಲು ಮುಚ್ಚಿತು. ಏಪ್ರಿಲಿನಲ್ಲಿ, ತನ್ನ ಆಟಗಾರ ರಾಸ್ ಬಾರ್ಕ್ಲಿ ಬಗ್ಗೆ ಮೆಕೆಂಜಿ ಬರೆದ ಅಂಕಣದ ನಂತರ, ಅದೇ ನಗರದ ಎವರ್ಟನ್ ಕ್ಲಬ್ ಕೂಡ ಅದೇ ದಾರಿ ಹಿಡಿಯಿತು.

ಈ ಬಹಿಷ್ಕಾರ ಸಂಶೋಧಕರಿಗೂ ಅಪರೂಪದ ಅವಕಾಶ ಕೊಟ್ಟಿತು. ಪತ್ರಿಕೆಗಳು ಜನಾಭಿಪ್ರಾಯ ರೂಪಿಸುತ್ತವೆಯೋ ಅಥವಾ ಜನ ತಮ್ಮ ಅಭಿಪ್ರಾಯಕ್ಕೆ ಹೊಂದುವ ಪತ್ರಿಕೆ ಆರಿಸಿಕೊಳ್ಳುತ್ತಾರೋ ಎಂದು ಬಿಡಿಸುವುದು ಸಾಮಾನ್ಯವಾಗಿ ಕಷ್ಟ. ಇಲ್ಲಿ ಒಂದು ಇಡೀ ಪ್ರದೇಶ ರಾಜಕೀಯಕ್ಕೆ ಸಂಬಂಧವಿಲ್ಲದ ಕಾರಣಕ್ಕೆ ಒಂದು ಪತ್ರಿಕೆಯನ್ನು ಬಿಟ್ಟಿತ್ತು. ಫ್ಲೋರಿಯನ್ ಫೂಸ್ ಮತ್ತು ಡೇನಿಯಲ್ ಬಿಷಾಫ್ ಸಮೀಕ್ಷೆಗಳ ದತ್ತಾಂಶವನ್ನು ಹೋಲಿಸಿ, ಬಹಿಷ್ಕಾರದ ನಂತರ ಮರ್ಸಿಸೈಡಿನಲ್ಲಿ ಐರೋಪ್ಯ ಒಕ್ಕೂಟದ ವಿರೋಧ ಇತರ ಕಡೆಗಿಂತ ಕಡಿಮೆಯಾದದ್ದನ್ನು ತೋರಿಸಿದರು. ಒಕ್ಕೂಟದ ವಿರುದ್ಧ ಸನ್ ದಶಕಗಳ ಕಾಲ ಅಭಿಯಾನ ನಡೆಸಿದ್ದನ್ನು ನೆನೆದರೆ ಇದರ ತೂಕ ತಿಳಿಯುತ್ತದೆ.

ಚುನಾವಣೆ ಗೆಲ್ಲಿಸುವ ಪತ್ರಿಕೆಯೇ?

1992ರ ಏಪ್ರಿಲ್ 9ರ ಮತದಾನದ ದಿನ ಸನ್, ಲೇಬರ್ ನಾಯಕ ಕಿನ್ನಕ್ ಗೆದ್ದರೆ ಬ್ರಿಟನ್ ಬಿಟ್ಟು ಹೋಗುವ ಕೊನೆಯ ವ್ಯಕ್ತಿ ದಯವಿಟ್ಟು ದೀಪ ಆರಿಸಿ ಎಂದು ಬರೆಯಿತು. ಕನ್ಸರ್ವೇಟಿವ್ ಪಕ್ಷ ಗೆದ್ದ ಮೇಲೆ, 11ರಂದು, ಗೆಲ್ಲಿಸಿದ್ದು ಸನ್ನೇ ಎಂದು ಸಾರಿಕೊಂಡಿತು. ಆ ತಲೆಬರಹ ರುಚಿಹೀನವೂ ತಪ್ಪೂ ಆಗಿತ್ತು ಎಂದು ಮರ್ಡಾಕ್ ಇಪ್ಪತ್ತು ವರ್ಷಗಳ ನಂತರ ಪತ್ರಿಕೆಗಳ ನಡತೆ ಕುರಿತ ಲೆವೆಸನ್ ವಿಚಾರಣೆಯಲ್ಲಿ ಹೇಳಿದರು.

1979ರಿಂದ ಪ್ರತಿ ಸಾರ್ವತ್ರಿಕ ಚುನಾವಣೆಯಲ್ಲೂ ಸನ್ ಬೆಂಬಲಿಸಿದ ಪಕ್ಷವೇ ಅತಿ ಹೆಚ್ಚು ಸ್ಥಾನ ಪಡೆದಿದೆ. 1997ರ ಮಾರ್ಚ್ 18ರಂದು ಲೇಬರ್ ನಾಯಕ ಬ್ಲೇರ್ ಪರ ತಿರುಗಿತು; 2009ರ ಸೆಪ್ಟೆಂಬರಿನಲ್ಲಿ ಲೇಬರ್ ಸಮ್ಮೇಳನದಲ್ಲಿ ಗಾರ್ಡನ್ ಬ್ರೌನ್ ಭಾಷಣ ಮಾಡಿದ ಮರುದಿನವೇ ಆ ಪಕ್ಷವನ್ನು ಕೈಬಿಟ್ಟಿತು; 2024ರಲ್ಲಿ ಮತದಾನಕ್ಕೆ ಒಂದೇ ದಿನ ಮುನ್ನ ಲೇಬರ್ ನಾಯಕ ಸ್ಟಾರ್ಮರ್ ಪರ ನಿಂತಿತು. 1997 ಮತ್ತು 2024ರಲ್ಲಿ ಸಮೀಕ್ಷೆಗಳು ತಿಂಗಳುಗಳ ಮೊದಲೇ ಫಲಿತಾಂಶ ಹೇಳುತ್ತಿದ್ದವು. ಒಂದು ದಿನದ ಬೆಂಬಲಕ್ಕಿಂತ ಭಾರವಾದದ್ದು ವರ್ಷಾನುಗಟ್ಟಲೆ ಒಂದೇ ವಿಷಯವನ್ನು ಹೇಳುತ್ತಾ ಬರುವುದು; ಮರ್ಸಿಸೈಡ್ ಅಧ್ಯಯನ ತೋರಿಸುವುದೂ ಅದನ್ನೇ. ರಾಜಕಾರಣಿಗಳಿಗೆ ಈ ವ್ಯತ್ಯಾಸ ಮುಖ್ಯವಾಗಲಿಲ್ಲ. ಪತ್ರಿಕೆ ಗೆಲ್ಲಿಸುತ್ತದೆ ಎಂಬ ನಂಬಿಕೆಯೇ ಅವರನ್ನು ಅದರ ಬಾಗಿಲಿಗೆ ಕರೆತಂದಿತು, ಕಾನೂನು ಬಿಗಿ ಮಾಡುವ ಕೈಗಳನ್ನು ತಡೆಯಿತು.

ಹಣ, ಪೊಲೀಸರು, ಪತ್ತೇದಾರರು

2003ರ ಮಾರ್ಚ್ 11ರಂದು ಅಂದಿನ ಸನ್ ಸಂಪಾದಕಿ ರೆಬೆಕಾ ವೇಡ್ ಸಂಸದೀಯ ಸಮಿತಿಯ ಮುಂದೆ, ಹಿಂದೆ ನಾವು ಮಾಹಿತಿಗಾಗಿ ಪೊಲೀಸರಿಗೆ ಹಣ ಕೊಟ್ಟಿದ್ದೇವೆ ಎಂದರು. ಅದು ಅಪರಾಧ. ಆದರೂ ಅಂದು ಯಾವ ತನಿಖೆಯೂ ನಡೆಯಲಿಲ್ಲ. 2011ರ ಜುಲೈಯಲ್ಲಿ, ಕೊಲೆಯಾದ ಬಾಲಕಿಯ ಮೊಬೈಲಿನ ಧ್ವನಿಸಂದೇಶಗಳನ್ನು ‘ನ್ಯೂಸ್ ಆಫ್ ದ ವರ್ಲ್ಡ್’ ಕದ್ದು ಕೇಳಿತ್ತು ಎಂದು ‘ಗಾರ್ಡಿಯನ್’ ಬಯಲು ಮಾಡಿದ ಮೇಲಷ್ಟೇ ಎಲ್ಲವೂ ಕುಸಿಯಿತು. 168 ವರ್ಷದ ಆ ಪತ್ರಿಕೆ ಜುಲೈ 10ರಂದು ಕೊನೆಯ ಸಂಚಿಕೆ ತಂದಿತು. 2012ರ ಫೆಬ್ರುವರಿ 26ರಂದು ಅದರ ಜಾಗಕ್ಕೆ ಭಾನುವಾರದ ಸನ್ ಬಂತು.

ಹ್ಯಾಕಿಂಗ್ ಎಂದರೆ ಇಲ್ಲಿ ದೊಡ್ಡ ತಂತ್ರಜ್ಞಾನವೇನೂ ಅಲ್ಲ. ಧ್ವನಿಸಂದೇಶಗಳು ಉಳಿಯುವ ವಾಯ್ಸ್‌ಮೇಲ್‌ಗೆ ಮೊಬೈಲ್ ಕಂಪನಿ ಕೊಟ್ಟ ಮೂಲ ಗುಪ್ತಸಂಖ್ಯೆಯನ್ನು ಬಹಳಷ್ಟು ಜನ ಬದಲಿಸಿರಲಿಲ್ಲ. ಬದಲಿಸಿದ್ದರೆ, ಕಂಪನಿಗೇ ಫೋನ್ ಮಾಡಿ ಸಿಬ್ಬಂದಿಯಂತೆ ನಟಿಸಿ ಅದನ್ನು ಮತ್ತೆ ಮೂಲ ಸಂಖ್ಯೆಗೆ ತರಿಸುತ್ತಿದ್ದರು. ಹೀಗೆ ನಟಿಸಿ ಮಾಹಿತಿ ಹೊಡೆಯುವುದಕ್ಕೆ ಅಲ್ಲಿನ ಸುದ್ದಿಮನೆಗಳಲ್ಲಿ ‘ಬ್ಲ್ಯಾಗಿಂಗ್’ ಎಂದೇ ಹೆಸರು. ಫೋನ್ ಬಿಲ್, ಬ್ಯಾಂಕ್ ಲೆಕ್ಕ, ವೈದ್ಯಕೀಯ ದಾಖಲೆಗಳೂ ಇದೇ ದಾರಿಯಲ್ಲಿ ಬರುತ್ತಿದ್ದವು. ಕೆಲಸ ಮಾಡುವವನು ಹೊರಗಿನ ಪತ್ತೇದಾರ, ಪತ್ರಿಕೆಯ ಕಡತದಲ್ಲಿ ಉಳಿಯುವುದು ಒಂದು ಬಿಲ್ ಮಾತ್ರ. 2025ರ ಕ್ಷಮೆ ಪತ್ತೇದಾರರನ್ನೂ ಪತ್ರಕರ್ತರನ್ನೂ ಬೇರ್ಪಡಿಸಲು ಸಾಧ್ಯವಾದದ್ದು ಈ ಏರ್ಪಾಟಿನಿಂದಲೇ.

ಪೊಲೀಸರಿಗೆ ಮತ್ತು ಇತರ ಅಧಿಕಾರಿಗಳಿಗೆ ಹಣ ಕೊಟ್ಟ ಬಗ್ಗೆ ನಡೆದ ‘ಆಪರೇಷನ್ ಎಲ್ವೆಡೆನ್’ ತನಿಖೆಯಲ್ಲಿ ಸನ್‌ನ ಇಪ್ಪತ್ತಕ್ಕೂ ಹೆಚ್ಚು ಪತ್ರಕರ್ತರು ಬಂಧನಕ್ಕೊಳಗಾದರು. ತನಿಖೆಗೆ ಇಮೇಲ್‌ಗಳನ್ನು ಒಪ್ಪಿಸಿದ್ದು ಮಾತೃಸಂಸ್ಥೆಯೇ ರಚಿಸಿದ ಸಮಿತಿ. ನ್ಯಾಯಾಲಯದಲ್ಲಿ ಪತ್ರಕರ್ತರು ಬಹುತೇಕ ಎಲ್ಲರೂ ಖುಲಾಸೆಯಾದರು. ಶಿಕ್ಷೆಯಾದದ್ದು ಸುದ್ದಿ ಕೊಟ್ಟವರಿಗೆ: ಪೊಲೀಸರು, ಜೈಲು ಸಿಬ್ಬಂದಿ, ಮತ್ತು ವರ್ಷಗಳ ಅವಧಿಯಲ್ಲಿ ಸನ್‌ನಿಂದ ಸುಮಾರು 1 ಲಕ್ಷ ಪೌಂಡ್ ಪಡೆದಿದ್ದ ರಕ್ಷಣಾ ಇಲಾಖೆಯ ಒಬ್ಬ ಅಧಿಕಾರಿ. ಮೂಲವನ್ನು ಕಾಪಾಡುವುದು ಪತ್ರಿಕೋದ್ಯಮದ ಮೊದಲ ಧರ್ಮ. ಸಂಸ್ಥೆ ತನ್ನ ಮೈ ಉಳಿಸಿಕೊಳ್ಳಲು ಅದನ್ನು ಬಿಟ್ಟುಕೊಟ್ಟಿತು.

ಸಿವಿಲ್ ದಾವೆಗಳದ್ದು ಬೇರೆ ಕಥೆ. ಇಂಗ್ಲೆಂಡಿನ ಸಿವಿಲ್ ಪ್ರಕ್ರಿಯೆಯ 36ನೇ ಭಾಗದಂತೆ ಪ್ರತಿವಾದಿ ರಾಜಿಗೆ ಒಂದು ಮೊತ್ತ ಮುಂದಿಡಬಹುದು. ವಾದಿ ಅದನ್ನು ನಿರಾಕರಿಸಿ, ವಿಚಾರಣೆಯಲ್ಲಿ ಗೆದ್ದರೂ ಅದಕ್ಕಿಂತ ಕಡಿಮೆ ಪರಿಹಾರ ಪಡೆದರೆ, ಆ ಮೊತ್ತವನ್ನು ಒಪ್ಪಲು ಇದ್ದ ಗಡುವಿನ ನಂತರದ ಎರಡೂ ಕಡೆಯ ವಕೀಲರ ಖರ್ಚು ಸಾಮಾನ್ಯವಾಗಿ ಅವರ ತಲೆಗೇ ಬರುತ್ತದೆ. ಖಾಸಗಿತನ ಪ್ರಕರಣದಲ್ಲಿ ಪರಿಹಾರ ಸಾವಿರಗಳಲ್ಲಿ ಅಥವಾ ಲಕ್ಷಗಳಲ್ಲಿ ಇರುತ್ತದೆ, ಖರ್ಚು ಅದನ್ನು ಮೀರಿ ಬೆಳೆಯುತ್ತದೆ. 2024ರ ಏಪ್ರಿಲಿನಲ್ಲಿ ನಟ ಹ್ಯೂ ಗ್ರಾಂಟ್ ರಾಜಿಯಾದಾಗ ಹೇಳಿದ್ದು ಇದನ್ನೇ: ಎಲ್ಲ ಆರೋಪ ಸಾಬೀತಾದರೂ ತಾನು 1 ಕೋಟಿ ಪೌಂಡಿನಷ್ಟು ಖರ್ಚು ತೆರಬೇಕಾಗಬಹುದಿತ್ತು. ಗ್ರಾಂಟ್ ಮತ್ತು ಹ್ಯಾರಿ ಇಬ್ಬರ ಹ್ಯಾಕಿಂಗ್ ಆರೋಪವನ್ನು 2023ರಲ್ಲೇ ನ್ಯಾಯಾಲಯ ಕಾಲಮಿತಿ ಮೀರಿದೆ ಎಂದು ಕೈಬಿಟ್ಟಿತ್ತು. ಉಳಿದದ್ದು ಇತರ ಅಕ್ರಮ ಮಾಹಿತಿ ಸಂಗ್ರಹದ ಭಾಗ. ರಾಜಿಯಾದ ಮೇಲೆ ಸಾಕ್ಷ್ಯದ ಕಟ್ಟುಗಳು ತೆರೆಯುವುದಿಲ್ಲ, ಸಂಪಾದಕರು ಕಟಕಟೆ ಏರುವುದಿಲ್ಲ. ಈ ಎಲ್ಲ ಪ್ರಕರಣಗಳಿಗಾಗಿ ಸಂಸ್ಥೆ 100 ಕೋಟಿ ಪೌಂಡಿಗೂ ಹೆಚ್ಚು ವೆಚ್ಚ ಮಾಡಿದೆ ಎಂದು ಹ್ಯಾರಿ ಪರ ವಕೀಲರು ಹೇಳಿದರು. ವಿಚಾರಣೆ ತಪ್ಪಿಸಲು ಇಷ್ಟು ಕೊಡಬಲ್ಲವರ ಎದುರು ನಿಲ್ಲುವುದು ಸಾಮಾನ್ಯ ಮನುಷ್ಯನ ಕೈಲಾಗುವ ಕೆಲಸವಲ್ಲ. ಲೆವೆಸನ್ ವಿಚಾರಣೆಯ ಎರಡನೇ ಭಾಗ ಈ ಕತ್ತಲೆಯನ್ನು ನೋಡಬೇಕಿತ್ತು. 2018ರ ಮಾರ್ಚಿನಲ್ಲಿ ಸರ್ಕಾರ ಅದನ್ನೇ ರದ್ದು ಮಾಡಿತು.

ಎಲ್ಲ ದಾವೆಗಳೂ ಪತ್ರಿಕೆಯ ವಿರುದ್ಧ ಹೋಗಿಲ್ಲ ಎಂಬುದನ್ನೂ ಹೇಳಬೇಕು. ನಟ ಜಾನಿ ಡೆಪ್ ತನ್ನನ್ನು ಹೆಂಡತಿಗೆ ಹೊಡೆಯುವವನು ಎಂದು ಕರೆದ 2018ರ ಲೇಖನದ ವಿರುದ್ಧ ಹೂಡಿದ ದಾವೆಯಲ್ಲಿ ಸನ್ 14 ಘಟನೆಗಳನ್ನು ಮುಂದಿಟ್ಟಿತು. 12 ರುಜುವಾತಾಗಿವೆ, ಬರಹ ಬಹುಮಟ್ಟಿಗೆ ನಿಜ ಎಂದು 2020ರ ನವೆಂಬರಿನಲ್ಲಿ ಹೈಕೋರ್ಟ್ ತೀರ್ಪಿತ್ತಿತು. ಘಟನೆಗೆ ಘಟನೆ ಸಾಕ್ಷ್ಯ ಕೂಡಿಸಿ ನಿಲ್ಲಬಲ್ಲ ಶಕ್ತಿ ಈ ಸಂಸ್ಥೆಗೆ ಇದೆ ಎಂದು ಅದು ತೋರಿಸುತ್ತದೆ. ‘ಸತ್ಯ’ ಎಂದು ಅಚ್ಚು ಹಾಕಿದ ರಾತ್ರಿ ಆ ಶಕ್ತಿಯನ್ನು ಬಳಸಲಿಲ್ಲ ಎಂಬುದು ಇನ್ನೂ ಚುಚ್ಚುತ್ತದೆ.

ನಿಯಂತ್ರಕರ ಕೈ ಎಲ್ಲಿಯವರೆಗೆ

2014ರ ಸೆಪ್ಟೆಂಬರಿನಿಂದ ಕೆಲಸ ಮಾಡುತ್ತಿರುವ ಇಪ್ಸೊ ಎಂಬ ಪತ್ರಿಕಾ ನಿಯಂತ್ರಣ ಸಂಸ್ಥೆ ಪತ್ರಿಕೆಗಳದ್ದೇ ಹಣದಿಂದ ನಡೆಯುತ್ತದೆ. 10 ಲಕ್ಷ ಪೌಂಡಿನವರೆಗೆ ದಂಡ ಹಾಕುವ ಅಧಿಕಾರವಿದೆ. ಮೊದಲ ಹತ್ತು ವರ್ಷಗಳಲ್ಲಿ ಒಮ್ಮೆಯೂ ಬಳಸಲಿಲ್ಲ. ದೂರು ಕೊಡುವವರು ಮೊದಲು ಪತ್ರಿಕೆಯ ಜೊತೆಗೇ ವ್ಯವಹರಿಸಬೇಕು, ತೀರ್ಪಿಗೆ ತಿಂಗಳುಗಳು ಹಿಡಿಯುತ್ತವೆ. 2016ರ ಮಾರ್ಚ್ 9ರಂದು ಸನ್ ‘ರಾಣಿ ಬ್ರೆಕ್ಸಿಟ್ ಪರ’ ಎಂದು ಮುಖಪುಟದಲ್ಲಿ ಬರೆಯಿತು. ತಲೆಬರಹ ಗಂಭೀರವಾಗಿ ದಾರಿತಪ್ಪಿಸುವಂಥದ್ದು ಎಂದು ಇಪ್ಸೊ ಹೇಳಿದ್ದು ಮೇ ತಿಂಗಳಲ್ಲಿ. ಒಳಗಿನ ಸುದ್ದಿಯೇ ಆ ತಲೆಬರಹಕ್ಕೆ ಆಧಾರ ಕೊಟ್ಟಿರಲಿಲ್ಲ. ಅರಮನೆಯ ದೂರಿಗೇ ಎರಡು ತಿಂಗಳು.

ಗುಂಪುಗಳ ವಿಷಯದಲ್ಲಿ ಹಿಲ್ಸ್‌ಬರೋ ಕಾಲದ ಬಿರುಕು ಇಲ್ಲೂ ಮುಂದುವರಿದಿದೆ. ಇಪ್ಸೊ ಸಂಹಿತೆಯ 12ನೇ ಕಲಮು ತಾರತಮ್ಯವನ್ನು ತಡೆಯುತ್ತದೆ, ಆದರೆ ಗುರುತಿಸಬಹುದಾದ ವ್ಯಕ್ತಿಯ ವಿರುದ್ಧದ್ದನ್ನು ಮಾತ್ರ. 2015ರ ಏಪ್ರಿಲಿನಲ್ಲಿ ಸನ್ ಅಂಕಣವೊಂದು ವಲಸಿಗರನ್ನು ಜಿರಳೆಗಳಿಗೆ ಹೋಲಿಸಿತು. ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಹೈಕಮಿಷನರ್ ಖಂಡಿಸಿದರು. ಇಪ್ಸೊ ಆ ಕಲಮಿನಡಿ ಏನೂ ಮಾಡಲಿಲ್ಲ, ಏಕೆಂದರೆ ಜಿರಳೆ ಎನಿಸಿಕೊಂಡವರು ಒಬ್ಬ ವ್ಯಕ್ತಿಯಲ್ಲ. 2022ರ ಡಿಸೆಂಬರಿನಲ್ಲಿ ಜೆರೆಮಿ ಕ್ಲಾರ್ಕ್ಸನ್ ಅಂಕಣ ಹ್ಯಾರಿಯ ಪತ್ನಿ ಮೇಗನ್ ಅವರನ್ನು ಹೀಯಾಳಿಸಿದಾಗ 25,000ಕ್ಕೂ ಹೆಚ್ಚು ದೂರು ಬಂದವು. ಲಿಂಗ ತಾರತಮ್ಯ ಎಂಬ ತೀರ್ಪೂ ಬಂತು. ಹೆಸರಿರುವ ಒಬ್ಬ ಮಹಿಳೆಗೆ ಸಿಕ್ಕ ರಕ್ಷಣೆ ಹೆಸರಿಲ್ಲದ ಸಾವಿರಾರು ಜನರಿಗೆ ಸಿಗಲಿಲ್ಲ.

ಕ್ರಿಕೆಟಿಗ ಬೆನ್ ಸ್ಟೋಕ್ಸ್ ಪ್ರಕರಣವೂ ಈ ಸಾಲಿಗೆ ಸೇರುತ್ತದೆ. ವಿಶ್ವಕಪ್ ಮತ್ತು ಹೆಡಿಂಗ್ಲಿ ಟೆಸ್ಟ್ ಗೆಲುವಿನ ಬೆನ್ನಲ್ಲೇ, 2019ರ ಸೆಪ್ಟೆಂಬರ್ 17ರಂದು, ಅವರು ಹುಟ್ಟುವ ಮೊದಲೇ ಕುಟುಂಬದಲ್ಲಿ ನಡೆದಿದ್ದ ದುರಂತವನ್ನು ಸನ್ ಮುಖಪುಟಕ್ಕೆ ತಂದಿತು. ಅದು ಸಾರ್ವಜನಿಕ ದಾಖಲೆಯಲ್ಲಿ ಇದ್ದದ್ದೇ ಎಂದು ಮೊದಲು ಸಮರ್ಥಿಸಿಕೊಂಡಿತು. ಸ್ಟೋಕ್ಸ್ ಮತ್ತು ಅವರ ತಾಯಿ ದಾವೆ ಹೂಡಿದ ಮೇಲೆ, 2021ರ ಆಗಸ್ಟಿನಲ್ಲಿ, ಪ್ರಕಟಿಸಬಾರದಿತ್ತು ಎಂದು ಒಪ್ಪಿ ಪರಿಹಾರ ಕೊಟ್ಟಿತು. ಒಂದು ಮನೆಯ ಹಳೆಯ ಗಾಯ ಅಷ್ಟರಲ್ಲಿ ಜಗತ್ತಿಗೆಲ್ಲ ಹರಡಿಯಾಗಿತ್ತು.

ಈಗ ಅಂಗಡಿಯ ಕಟ್ಟೆಯ ಕಾಲ ಮುಗಿಯುತ್ತಿದೆ. 2020ರ ಮಾರ್ಚಿನಲ್ಲಿ ಸನ್ ಕೊನೆಯ ಬಾರಿ ಪ್ರಸಾರ ಸಂಖ್ಯೆ ಪ್ರಕಟಿಸಿತು: ಸುಮಾರು 12.1 ಲಕ್ಷ. ಅದೇ ವರ್ಷ ‘ಡೈಲಿ ಮೇಲ್’ ಅದನ್ನು ದಾಟಿತು. 42 ವರ್ಷಗಳ ಮೊದಲ ಸ್ಥಾನ ಹೋಯಿತು. 2020ರ ಜೂನ್‌ಗೆ ಕೊನೆಗೊಂಡ ಹಣಕಾಸು ವರ್ಷದ ಲೆಕ್ಕದಲ್ಲಿ ಸಂಸ್ಥೆ 8.4 ಕೋಟಿ ಪೌಂಡ್ ಕಡಿತ ಮಾಡಿ ತನ್ನ ಸನ್ ಪತ್ರಿಕೆಗಳ ಪುಸ್ತಕಮೌಲ್ಯವನ್ನು ಸೊನ್ನೆಗೆ ಇಳಿಸಿತು. ಅಂತರ್ಜಾಲದಲ್ಲಿ 2013ರಲ್ಲಿ ಹಾಕಿದ್ದ ಪಾವತಿ ಗೋಡೆಯನ್ನು 2015ರ ನವೆಂಬರಿನಲ್ಲಿ ತೆಗೆದು, ಉಚಿತ ಓದು ಮತ್ತು ಜಾಹೀರಾತಿನ ದಾರಿಗೆ ಮರಳಿತು.

ಇದರಿಂದ ಮರ್ಸಿಸೈಡಿನ ಜನ ಕಂಡುಕೊಂಡ ಅಸ್ತ್ರವೂ ಬದಲಾಗಿದೆ. ಅಂಗಡಿಯಾತ ಮಾರಾಟವಾಗದ ಕಟ್ಟನ್ನು ಹಿಂದಿರುಗಿಸಿದರೆ ಅದು ಪ್ರಸಾರ ಸಂಖ್ಯೆಯಲ್ಲಿ ಕಾಣುತ್ತಿತ್ತು, ಜಾಹೀರಾತುದಾರನಿಗೂ ತಿಳಿಯುತ್ತಿತ್ತು. ಆ ಸಂಖ್ಯೆ ಈಗ ಹೊರಬರುವುದಿಲ್ಲ. ಪುಟವೀಕ್ಷಣೆಯ ಲೆಕ್ಕದಲ್ಲಿ ಸುದ್ದಿ ಮೆಚ್ಚಿ ತೆರೆದವನೂ, ಸಿಟ್ಟಿನಿಂದ ಖಂಡಿಸಲು ತೆರೆದವನೂ ಒಬ್ಬೊಬ್ಬ ಓದುಗನೇ. ಜಾಹೀರಾತು ಇಬ್ಬರ ಕಣ್ಣಿಗೂ ಬೀಳುತ್ತದೆ, ದುಡ್ಡು ಇಬ್ಬರಿಂದಲೂ ಹುಟ್ಟುತ್ತದೆ. ಹಿಂದೆ ಪತ್ರಿಕೆ ಕೊಳ್ಳದಿದ್ದರೆ ಸಾಕಿತ್ತು. ಈಗ ಖಂಡಿಸುವವರು ಕೊಂಡಿಯನ್ನೂ ಹಂಚದೆ ಖಂಡಿಸಬೇಕಾಗಿದೆ.